ಎದ್ದು ನಿಂತಾಗ ಕಣ್ಣು ಕತ್ತಲೆ: ನೀರು, ಉಪ್ಪು, ಬೆಲ್ಟ್, ಮಾತ್ರೆ – ಯಾರಿಗೆ ಯಾವುದು?

ಮುಂಬೈಯಲ್ಲಿ ಡೋಂಬಿವ್ಲಿಯಿಂದ ದಾದರ್‌ವರೆಗೆ ಲೋಕಲ್ ರೈಲಿನಲ್ಲಿ ನಿಂತೇ ಹೋಗುವವರು, ಹೋಟೆಲಿನ ಅಡುಗೆಮನೆಯಲ್ಲಿ ಕಾವಲಿಯ ಮುಂದೆ ಗಂಟೆಗಟ್ಟಲೆ ದೋಸೆ ಹುಯ್ಯುವವರು, ನಡುರಾತ್ರಿ ಮೂತ್ರಕ್ಕೆಂದು ಏಳುವ ಹಿರಿಯರು. ಎಲ್ಲರೂ ಹೇಳುವುದು ಒಂದೇ ಮಾತು: ‘ಎದ್ದರೆ ಚಕ್ಕರ್ ಬರುತ್ತೆ, ಲೋ ಬಿಪಿ ಇರಬೇಕು.’ ಎಲ್ಲರಿಗೂ ಸಿಗುವ ಸಲಹೆಯೂ ಒಂದೇ: ಉಪ್ಪು ಹಾಕಿದ ನಿಂಬೆ ಶರಬತ್ತು. ಬೆವರಿ ಸುಸ್ತಾದ ಅಡುಗೆಯವರಿಗೆ ಅದು ಸಾಕಾಗಬಹುದು. ಆದರೆ ಮಲಗಿದ್ದಾಗ ಬಿಪಿ 170 ಇದ್ದು ನಿಂತಾಗ 120ಕ್ಕೆ ಇಳಿಯುವ ಹಿರಿಯರಿಗೆ ಅದೇ ಶರಬತ್ತು ತೊಂದರೆ ಹೆಚ್ಚಿಸುತ್ತದೆ. ಯಾವ ಉಪಾಯ ಒಳ್ಳೆಯದು ಎನ್ನುವುದಕ್ಕಿಂತ ಮೊದಲು ನಿಮ್ಮದು ಯಾವ ಬಗೆಯ ಕುಸಿತ, ದಿನದ ಯಾವ ಹೊತ್ತಿನಲ್ಲಿ ಆಗುತ್ತದೆ ಎಂಬುದು ಗೊತ್ತಾಗಬೇಕು.

ಮೊದಲು ಅಳತೆ

ವೈದ್ಯರು ಇದನ್ನು ಆರ್ಥೊಸ್ಟ್ಯಾಟಿಕ್ ಹೈಪೊಟೆನ್ಷನ್ ಎನ್ನುತ್ತಾರೆ. ನಿಂತ 3 ನಿಮಿಷದೊಳಗೆ ಬಿಪಿಯ ಮೇಲಿನ ಅಂಕಿ 20 ಅಥವಾ ಅದಕ್ಕಿಂತ ಹೆಚ್ಚು, ಇಲ್ಲವೇ ಕೆಳಗಿನ ಅಂಕಿ 10 ಅಥವಾ ಅದಕ್ಕಿಂತ ಹೆಚ್ಚು ಇಳಿದರೆ ಈ ತೊಂದರೆ ಇದೆ ಎಂದರ್ಥ. ಮಲಗಿದಾಗ ಬಿಪಿ ಮೊದಲೇ ಜಾಸ್ತಿ ಇರುವವರಲ್ಲಿ ಮೇಲಿನ ಅಂಕಿಯ 30ರ ಇಳಿಕೆಯನ್ನು ಲೆಕ್ಕಕ್ಕೆ ಹಿಡಿಯುತ್ತಾರೆ. ಕುರ್ಚಿಯಲ್ಲಿ ಕೂತು ಒಮ್ಮೆ ನೋಡಿದ ಬಿಪಿ ಎಷ್ಟೇ ಚೆನ್ನಾಗಿದ್ದರೂ ಈ ವಿಷಯದಲ್ಲಿ ಅದು ಏನನ್ನೂ ಹೇಳುವುದಿಲ್ಲ. ಗಡಿಬಿಡಿಯ ದವಾಖಾನೆಗಳಲ್ಲಿ ಹೆಚ್ಚಾಗಿ ಅಷ್ಟನ್ನೇ ನೋಡುತ್ತಾರೆ. ‘ನಿಲ್ಲಿಸಿಯೂ ಒಮ್ಮೆ ನೋಡಿ’ ಎಂದು ಕೇಳುವುದಕ್ಕೆ ಸಂಕೋಚ ಬೇಡ.

ಮನೆಯಲ್ಲಿ ನೋಡುವುದಾದರೆ ತೋಳಿಗೆ ಕಟ್ಟುವ ಯಂತ್ರವೇ ಇರಲಿ, ಮಣಿಕಟ್ಟಿನದು ಬೇಡ. 5 ನಿಮಿಷ ಅಂಗಾತ ಮಲಗಿ ಬಿಪಿ ಮತ್ತು ನಾಡಿ ಬರೆದುಕೊಳ್ಳಿ. ಪಟ್ಟಿ ಬಿಚ್ಚದೆ ಎದ್ದು ನಿಂತು 1ನೇ ಮತ್ತು 3ನೇ ನಿಮಿಷಕ್ಕೆ ಮತ್ತೆ ನೋಡಿ. ಪಕ್ಕದಲ್ಲಿ ಒಬ್ಬರು ಇರಲೇಬೇಕು, ಹಿಂದೆ ಹಾಸಿಗೆಯೋ ಕುರ್ಚಿಯೋ ಇರಲಿ. ಹೆಚ್ಚಿನವರು ತಪ್ಪುವುದು ಇಲ್ಲಿ: ನಿಂತಾಗ ಕೈಯನ್ನು ಜೋತು ಬಿಡುತ್ತಾರೆ. ಪಟ್ಟಿ ಎದೆಯ ಮಟ್ಟಕ್ಕಿಂತ 10 ಸೆಂ.ಮೀ. ಕೆಳಗಿದ್ದರೆ ಅಂಕಿ ಸುಮಾರು 7–8 ಹೆಚ್ಚು ತೋರಿಸುತ್ತದೆ, ನಿಜವಾದ ಕುಸಿತ ಮುಚ್ಚಿಹೋಗುತ್ತದೆ. ಕೈಯನ್ನು ಕಪಾಟಿನ ಮೇಲೋ ಇನ್ನೊಬ್ಬರ ಹೆಗಲ ಮೇಲೋ ಇಟ್ಟು ಎದೆಯ ಮಟ್ಟಕ್ಕೆ ತನ್ನಿ. ಬೆಳಿಗ್ಗೆ ಮಾತ್ರೆಗೆ ಮುಂಚೆ, ಮಧ್ಯಾಹ್ನ ಊಟವಾದ ಒಂದು ಗಂಟೆಯ ನಂತರ, ರಾತ್ರಿ ಮಲಗುವ ಮುನ್ನ ಹೀಗೆ ಮೂರು ಹೊತ್ತು, ನಾಲ್ಕೈದು ದಿನ ನೋಡಿದರೆ ಚಿತ್ರ ಸ್ಪಷ್ಟವಾಗುತ್ತದೆ.

ನಾಡಿಯನ್ನೂ ಬರೆಯಿರಿ ಎಂದದ್ದಕ್ಕೆ ಕಾರಣವಿದೆ. ನಾವು ನಿಂತ ಕೂಡಲೇ ಅರ್ಧದಿಂದ ಒಂದು ಲೀಟರ್ ರಕ್ತ ಹೊಟ್ಟೆ ಮತ್ತು ಕಾಲಿನ ನಾಳಗಳಿಗೆ ಇಳಿಯುತ್ತದೆ. ಕತ್ತು ಮತ್ತು ಎದೆಯ ದೊಡ್ಡ ರಕ್ತನಾಳಗಳಲ್ಲಿರುವ ಸಂವೇದಕಗಳು ಅದನ್ನು ಗ್ರಹಿಸಿದೊಡನೆ ನರಗಳು ನಾಳಗಳನ್ನು ಬಿಗಿ ಮಾಡುತ್ತವೆ, ಎದೆಬಡಿತ ಏರಿಸುತ್ತವೆ. ಈ ವ್ಯವಸ್ಥೆ ಎರಡು ರೀತಿಯಲ್ಲಿ ಸೋಲಬಹುದು. ಒಂದು, ನರಗಳು ಸರಿಯಿದ್ದರೂ ದೇಹದಲ್ಲಿ ನೀರು ಅಥವಾ ರಕ್ತವೇ ಕಡಿಮೆ. ಆಗ ನಾಡಿ ಜೋರಾಗಿ ಏರುತ್ತದೆ: ಬಿಪಿ 130ರಿಂದ 105ಕ್ಕೆ ಇಳಿದರೆ ನಾಡಿ 76ರಿಂದ 104ಕ್ಕೆ ಹೋಗುತ್ತದೆ. ಎರಡು, ನರಗಳೇ ಕೆಲಸ ಮಾಡುತ್ತಿಲ್ಲ. ಬಿಪಿ 130ರಿಂದ 95ಕ್ಕೆ ಬಿದ್ದರೂ ನಾಡಿ 72ರಿಂದ 78ಕ್ಕಷ್ಟೇ ಏರುತ್ತದೆ. ನಾಡಿಯ ಏರಿಕೆಯನ್ನು ಮೇಲಿನ ಅಂಕಿಯ ಇಳಿಕೆಯಿಂದ ಭಾಗಿಸಿದರೆ 0.5ಕ್ಕಿಂತ ಕಡಿಮೆ ಬಂದರೆ ನರದ ಕಡೆ ಅನುಮಾನ ಪಡಬೇಕು. ಹಳೆಯ ಸಕ್ಕರೆ ಕಾಯಿಲೆ, ಪಾರ್ಕಿನ್ಸನ್ ಕಾಯಿಲೆ ಇರುವವರಲ್ಲಿ ಈ ಬಗೆ ಹೆಚ್ಚು. ಎದೆಬಡಿತ ತಗ್ಗಿಸುವ ಮೆಟೊಪ್ರೊಲಾಲ್, ಅಟೆನೊಲಾಲ್‌ನಂಥ ಮಾತ್ರೆ ತೆಗೆದುಕೊಳ್ಳುವವರಿಗೆ, ಪೇಸ್‌ಮೇಕರ್ ಇರುವವರಿಗೆ ಈ ಲೆಕ್ಕ ಹೊಂದುವುದಿಲ್ಲ.

ನಿಂತಾಗ ಬಿಪಿ ಇಳಿಯದೆ ನಾಡಿ ಮಾತ್ರ 10 ನಿಮಿಷದೊಳಗೆ 30ಕ್ಕಿಂತ ಹೆಚ್ಚು ಏರುವುದು ಬೇರೆಯೇ ತೊಂದರೆ, ಹೆಚ್ಚಾಗಿ ಹರೆಯದ ಹೆಣ್ಣುಮಕ್ಕಳಲ್ಲಿ ಕಾಣುತ್ತದೆ. ಹಾಸಿಗೆಯಲ್ಲಿ ಮಗ್ಗುಲು ಬದಲಿಸಿದಾಗ ಕೋಣೆ ಗಿರ್ರನೆ ತಿರುಗಿದರೆ ಅದು ಬಿಪಿ ಅಲ್ಲ, ಒಳಕಿವಿಯ ಸಮಸ್ಯೆ. ಕಿವಿ-ಮೂಗು-ಗಂಟಲಿನ ವೈದ್ಯರನ್ನು ನೋಡಿ. ಇನ್ನೊಂದು ಲಕ್ಷಣವನ್ನು ತುಂಬ ಜನ ಸ್ಪಾಂಡಿಲೈಟಿಸ್ ಎಂದುಕೊಂಡು ವರ್ಷಗಟ್ಟಲೆ ಎಣ್ಣೆ ಹಚ್ಚುತ್ತಾರೆ: ನಿಂತಾಗ ಕತ್ತಿನ ಹಿಂಭಾಗ ಮತ್ತು ಎರಡೂ ಹೆಗಲು ಹಿಡಿದಂತಾಗಿ, ಮಲಗಿದರೆ ಬಿಟ್ಟುಹೋಗುವ ನೋವು. ಅಲ್ಲಿನ ಸ್ನಾಯುಗಳಿಗೆ ರಕ್ತ ಸಾಲದೆ ಬರುವ ನೋವೂ ಅದಾಗಿರಬಹುದು.

ಸೇರಿಸುವ ಮುನ್ನ ತೆಗೆಯುವುದು

ಉಪ್ಪು, ಬೆಲ್ಟ್, ಹೊಸ ಮಾತ್ರೆ ಇವೆಲ್ಲ ಆಮೇಲಿನ ಮಾತು. ಮೊದಲು ಮನೆಯಲ್ಲಿರುವ ಮಾತ್ರೆಗಳನ್ನೆಲ್ಲ ಒಂದು ಚೀಲಕ್ಕೆ ಹಾಕಿಕೊಂಡು ವೈದ್ಯರ ಮುಂದೆ ಸುರಿಯಿರಿ. ನಮ್ಮ ಅಭಿಪ್ರಾಯದಲ್ಲಿ 60 ದಾಟಿದವರಿಗೆ ಇದಕ್ಕಿಂತ ಒಳ್ಳೆಯ ಮೊದಲ ಹೆಜ್ಜೆ ಇಲ್ಲ. ಪ್ರಾಸ್ಟೇಟ್‌ಗೆ ಕೊಡುವ ಟ್ಯಾಮ್ಸುಲೋಸಿನ್, ಸಿಲೊಡೋಸಿನ್, ಬಿಪಿಗೆ ಕೊಡುವ ಪ್ರಾಜೋಸಿನ್, ಮೂತ್ರ ಹೆಚ್ಚಿಸುವ ಫ್ಯುರೊಸೆಮೈಡ್, ಟಾರ್ಸೆಮೈಡ್, ಹೈಡ್ರೋಕ್ಲೋರೊಥಯಾಜೈಡ್, ಎದೆನೋವಿನ ನೈಟ್ರೇಟ್, ನರನೋವಿಗೋ ನಿದ್ರೆಗೋ ಕೊಡುವ ಅಮಿಟ್ರಿಪ್ಟಿಲಿನ್, ಪಾರ್ಕಿನ್ಸನ್‌ಗೆ ಲೆವೊಡೋಪಾ, ಸಕ್ಕರೆಗೆ ಕೊಡುವ ಡಾಪಾಗ್ಲಿಫ್ಲೋಜಿನ್, ಎಂಪಾಗ್ಲಿಫ್ಲೋಜಿನ್ – ಇವೆಲ್ಲ ನಿಂತಾಗಿನ ಬಿಪಿಯನ್ನು ಇಳಿಸಬಲ್ಲವು. ಕೊನೆಯ ಎರಡು ಮೂತ್ರದಲ್ಲಿ ಸಕ್ಕರೆಯ ಜೊತೆ ನೀರನ್ನೂ ಹೊರಹಾಕುತ್ತವೆ. ಮೇ ತಿಂಗಳ ಮುಂಬೈ ಸೆಕೆಯಲ್ಲಿ, ಇಲ್ಲವೇ ಮಳೆಗಾಲದಲ್ಲಿ ಹೊಟ್ಟೆ ಕೆಟ್ಟು ಭೇದಿಯಾದಾಗ ಇದರ ಪೆಟ್ಟು ಗೊತ್ತಾಗುತ್ತದೆ.

ಬಿಪಿ ಮಾತ್ರೆಯನ್ನು ನೀವಾಗಿಯೇ ನಿಲ್ಲಿಸಬೇಡಿ. ಹತೋಟಿ ತಪ್ಪಿದ ಹೈ ಬಿಪಿಯಿಂದಲೇ ನಿಂತಾಗಿನ ಕುಸಿತ ಹೆಚ್ಚುವುದುಂಟು. ವೈದ್ಯರು ಮಾತ್ರೆಯ ಜಾತಿ ಬದಲಿಸಬಹುದು, ಹೊತ್ತು ಬದಲಿಸಬಹುದು, ಪ್ರಮಾಣ ಒಡೆದು ಕೊಡಬಹುದು. ಅದೇ ಭೇಟಿಯಲ್ಲಿ ಹಿಮೋಗ್ಲೋಬಿನ್, ಸೋಡಿಯಂ, ಪೊಟ್ಯಾಸಿಯಂ, ಕ್ರಿಯಾಟಿನಿನ್, ಸಕ್ಕರೆ, ಬಿ12, ಒಂದು ಇಸಿಜಿ ಆಗಿಬಿಟ್ಟರೆ ಒಳ್ಳೆಯದು. ಹಾಲು-ಮೊಸರು ಕಡಿಮೆ ತಿನ್ನುವ ಸಸ್ಯಾಹಾರಿಗಳಲ್ಲಿ ಬಿ12 ಕೊರತೆ ಸಾಮಾನ್ಯ, ಅದೂ ನರಗಳನ್ನು ಕೆಡಿಸುತ್ತದೆ.

ನೀರೋ, ಉಪ್ಪೋ, ಓಆರ್‌ಎಸ್ಸೋ?

ಮೂರರಲ್ಲಿ ನಮ್ಮ ಆಯ್ಕೆ ಬರೀ ನೀರು, ಅದೂ ಒಂದೇ ಸಲಕ್ಕೆ. ಸುಮಾರು 500 ಮಿ.ಲೀ., ಅಂದರೆ ದೊಡ್ಡ ಎರಡು ಲೋಟ ನೀರನ್ನು ಎರಡು-ಮೂರು ನಿಮಿಷದಲ್ಲಿ ಕುಡಿದರೆ 5ರಿಂದ 15 ನಿಮಿಷದಲ್ಲಿ ಬಿಪಿ ಏರತೊಡಗುತ್ತದೆ, ಅರ್ಧ ಗಂಟೆಯ ಹೊತ್ತಿಗೆ ತುತ್ತತುದಿಗೆ ಹೋಗಿ, ಸುಮಾರು ಒಂದು ಗಂಟೆ ನಿಲ್ಲುತ್ತದೆ. ಇದು ನೀರು ರಕ್ತಕ್ಕೆ ಸೇರಿದ್ದರಿಂದ ಮಾತ್ರ ಆಗುವುದಲ್ಲ. ಹೊಟ್ಟೆಗೆ ನೀರು ಬಿದ್ದೊಡನೆ ಹುಟ್ಟುವ ನರದ ಪ್ರತಿಕ್ರಿಯೆ ರಕ್ತನಾಳಗಳನ್ನು ಬಿಗಿ ಮಾಡುತ್ತದೆ. ಹಾಗಾಗಿ ನರದ ಬಗೆಯ ಕುಸಿತ ಇರುವವರಿಗೇ ಇದರ ಫಲ ಹೆಚ್ಚು. ಗುಟುಕು ಗುಟುಕಾಗಿ ಇಡೀ ಬೆಳಗು ಕುಡಿದರೆ ಈ ಪರಿಣಾಮ ಸಿಗುವುದಿಲ್ಲ. ರಾತ್ರಿಯೇ ತಲೆಯ ಹತ್ತಿರ ಎರಡು ಲೋಟ ಮುಚ್ಚಿಟ್ಟುಕೊಳ್ಳಿ. ಎಚ್ಚರವಾದಾಗ ಮಂಚದ ಅಂಚಿಗೆ ಕೂತು ಕುಡಿದು, ಹತ್ತು ನಿಮಿಷ ಕಾಲು ಆಡಿಸುತ್ತ ಕೂತು, ಆಮೇಲೆ ಏಳಿ. ರಾತ್ರಿಯಿಡೀ ಉಪ್ಪು-ನೀರು ಮೂತ್ರದಲ್ಲಿ ಹೋಗಿರುವುದರಿಂದ ಬೆಳಗ್ಗೆಯೇ ಬಿಪಿ ಹೆಚ್ಚು ಕುಸಿಯುವುದು. ಮಲಗುವ ಹೊತ್ತಿಗೆ ಈ ಉಪಾಯ ಬೇಡ. ಹೃದಯ ವೈಫಲ್ಯ, ಕಿಡ್ನಿ ಕಾಯಿಲೆಯಿಂದಾಗಿ ನೀರಿಗೆ ಮಿತಿ ಹಾಕಿದ್ದರೆ ಯಾವ ಹೊತ್ತಿಗೂ ಬೇಡ.

ಉಪ್ಪು ನಿಧಾನದ ದಾರಿ. ಸಪಾಟು ಒಂದು ಚಹಾ ಚಮಚದಲ್ಲಿ 5–6 ಗ್ರಾಂ ಉಪ್ಪಿರುತ್ತದೆ. ಸಾಮಾನ್ಯ ಜನರಿಗೆ ವಿಶ್ವ ಆರೋಗ್ಯ ಸಂಸ್ಥೆ ಹೇಳುವ ಮಿತಿ ದಿನಕ್ಕೆ 5 ಗ್ರಾಂ; ನಿಂತಾಗ ಬಿಪಿ ಕುಸಿಯುವ ಕೆಲವರಿಗೆ ವೈದ್ಯರು 6ರಿಂದ 10 ಗ್ರಾಂವರೆಗೂ ಒಪ್ಪುತ್ತಾರೆ. ಸಾರು, ಉಪ್ಪಿನಕಾಯಿ, ಹಪ್ಪಳ ತಿನ್ನುವ ಮನೆಯಲ್ಲಿ ಬಹುತೇಕ ಅಷ್ಟು ಆಗಲೇ ಹೊಟ್ಟೆಗೆ ಹೋಗಿರುತ್ತದೆ. ಬೆವರು ಸುರಿಸಿ ದುಡಿಯುವ, ಹೈ ಬಿಪಿ ಇಲ್ಲದ ಹರೆಯದವರಿಗೆ ಉಪ್ಪು ಹಾಕಿದ ಮಜ್ಜಿಗೆ, ಕೋಕಂ ಶರಬತ್ತು ಸರಿ. ಹೈ ಬಿಪಿ, ಹೃದಯ, ಕಿಡ್ನಿ, ಲಿವರ್ ತೊಂದರೆ ಇದ್ದವರು ವೈದ್ಯರನ್ನು ಕೇಳದೆ ಒಂದು ಚಿಟಿಕೆಯೂ ಹೆಚ್ಚಿಸಬಾರದು.

ಓಆರ್‌ಎಸ್ ಇರುವುದು ಭೇದಿ, ವಾಂತಿ, ವಿಪರೀತ ಬೆವರಿಗೆ. ವಿಶ್ವ ಆರೋಗ್ಯ ಸಂಸ್ಥೆಯ ಸೂತ್ರದ ಪ್ಯಾಕೆಟ್ಟಿನಲ್ಲಿ ಲೀಟರ್‌ಗೆ 2.6 ಗ್ರಾಂ ಉಪ್ಪು, 13.5 ಗ್ರಾಂ ಗ್ಲೂಕೋಸ್ ಇರುತ್ತದೆ. ಒಂದು ಲೀಟರ್‌ನ ಪ್ಯಾಕೆಟ್ಟಾದರೆ ಇಡೀ ಪ್ಯಾಕೆಟ್ಟನ್ನು ಸರಿಯಾಗಿ ಒಂದು ಲೀಟರ್ ಕುದಿಸಿ ಆರಿಸಿದ ನೀರಿಗೇ ಹಾಕಬೇಕು. ಅರ್ಧ ಪ್ಯಾಕೆಟ್ಟನ್ನು ಒಂದು ಲೋಟಕ್ಕೆ ಹಾಕಿದರೆ ಭೇದಿ ಹೆಚ್ಚುತ್ತದೆ. ಡಬ್ಬಿಯಲ್ಲಿ ಬರುವ ಹಣ್ಣಿನ ರುಚಿಯ ಸಿಹಿ ಪಾನೀಯಗಳು ಇದಕ್ಕೆ ಬದಲಿಯಲ್ಲ. ಸಕ್ಕರೆ ಕಾಯಿಲೆಯವರು ಇದನ್ನು ದಿನದ ಪಾನೀಯ ಮಾಡಿಕೊಳ್ಳಬಾರದು.

ಖರ್ಚಿಲ್ಲದ ಬಿಗಿ

ಕಣ್ಣು ಮಬ್ಬಾದ ಆ ಕ್ಷಣಕ್ಕೆ ನೀರೂ ಮಾತ್ರೆಯೂ ತಲುಪುವುದಿಲ್ಲ. ಆಗ ಸ್ನಾಯು ಬಿಗಿಮಾಡಿ ಕಾಲಿನ ರಕ್ತವನ್ನು ಮೇಲೆ ತಳ್ಳಬೇಕು. ನಿಂತಲ್ಲೇ ಕಾಲಿಗೆ ಕಾಲು ಅಡ್ಡ ಹಾಕಿ ತೊಡೆ, ಪೃಷ್ಠ, ಹೊಟ್ಟೆ ಮೂರನ್ನೂ ಬಿಗಿದು ಅರ್ಧ ನಿಮಿಷ ಹಿಡಿಯುವುದು, ಕುಕ್ಕರುಗಾಲಲ್ಲಿ ಕೂರುವುದು, ಹಿಮ್ಮಡಿ ಎತ್ತಿ ಇಳಿಸುವುದು. ಹೆಚ್ಚು ಬಲ ಕುಕ್ಕರುಗಾಲಿನದು, ಆದರೆ ಅಲ್ಲಿಂದ ಏಳುವಾಗ ಮತ್ತೆ ಕುಸಿತ. ಮಂಡಿನೋವಿನವರಿಗೂ ಅದಾಗದು.

ಓಡುವ ಲೋಕಲ್‌ನಲ್ಲಿ ಕಾಲು ಅಡ್ಡ ಹಾಕಬೇಡಿ, ಒಂದು ಜಗ್ಗಿಗೆ ಬೀಳುತ್ತೀರಿ. ಅಲ್ಲಿ ಪಾದ ಅಗಲಿಸಿ ನಿಂತು, ಒಂದು ಕೈ ಕಂಬಕ್ಕೆ ಹಿಡಿದು, ಎರಡೂ ಮಂಡಿಗಳನ್ನು ಒಂದಕ್ಕೊಂದು ಎಳೆದುಕೊಳ್ಳುವಂತೆ ತೊಡೆ ಬಿಗಿಯಿರಿ, ಜೊತೆಗೆ ಮುಷ್ಟಿ ಗಟ್ಟಿ ಮಾಡಿ. ಹತ್ತು ಎಣಿಸಿ ಸಡಿಲಿಸಿ, ಮತ್ತೆ ಬಿಗಿಯಿರಿ. ಉಸಿರು ಹಿಡಿಯಬಾರದು, ಹಿಡಿದು ಮುಕ್ಕಿದರೆ ಎದೆಗೆ ರಕ್ತ ಮರಳುವುದೇ ಕಡಿಮೆಯಾಗಿ ತಲೆ ಇನ್ನಷ್ಟು ತಿರುಗುತ್ತದೆ. ಮಬ್ಬು ಬಿಡದಿದ್ದರೆ ನಾಚಿಕೆ ಬಿಟ್ಟು ಬೋಗಿಯ ನೆಲಕ್ಕೇ ಕೂರಿ. ಬಾಗಿಲ ಬಳಿ ನಿಂತು ಗಾಳಿ ತೆಗೆದುಕೊಳ್ಳುವುದು ಎಲ್ಲಕ್ಕಿಂತ ಅಪಾಯ.

ಹಳೆಯ ಚಾಳಿನ ಮನೆಗಳಲ್ಲಿ ಇಂಡಿಯನ್ ಪಾಯಿಖಾನೆಯಿಂದ ಏಳುವ ಗಳಿಗೆಯೇ ಅನೇಕ ಹಿರಿಯರು ಬೀಳುವ ಗಳಿಗೆ. ಗೋಡೆಗೆ ಹಿಡಿ ಹಾಕಿಸಿ, ಮೇಲಿಡುವ ಕಮೋಡ್ ಕುರ್ಚಿ ತನ್ನಿ. ಗಂಡಸರು ರಾತ್ರಿ ಕೂತೇ ಮೂತ್ರ ಮಾಡಲಿ. ಬಿಸಿನೀರಿನ ಸ್ನಾನ ರಕ್ತನಾಳಗಳನ್ನು ಸಡಿಲಿಸುತ್ತದೆ. ನೀರು ಉಗುರುಬೆಚ್ಚಗಿರಲಿ, ಸ್ಟೂಲ್ ಮೇಲೆ ಕೂತು ಮೀಯಲಿ, ಬಾಗಿಲ ಚಿಲಕ ಹಾಕದಿರಲಿ.

ಬೆಲ್ಟೋ, ಉದ್ದ ಕಾಲುಚೀಲವೋ?

ಮೆಡಿಕಲ್ ಅಂಗಡಿಗೆ ಹೋದರೆ ಮೊದಲು ಕೈಗೆ ಕೊಡುವುದು ಮಂಡಿಯವರೆಗಿನ ಕಂಪ್ರೆಶನ್ ಸ್ಟಾಕಿಂಗ್, ಅಂದರೆ ಕಾಲನ್ನು ಒತ್ತಿ ಹಿಡಿಯುವ ಬಿಗಿ ಕಾಲುಚೀಲ. ಅದು ಅಗ್ಗ, ಆದರೆ ಈ ತೊಂದರೆಗೆ ಅದರಿಂದ ಸಿಗುವುದು ಅಲ್ಪ. ರಕ್ತ ಹೆಚ್ಚಾಗಿ ತಂಗುವುದು ಹೊಟ್ಟೆಯ ಒಳಗಿನ ನಾಳಗಳಲ್ಲಿ. ಸೊಂಟದವರೆಗೆ ಬರುವ, 30–40 ಮಿ.ಮೀ. ಒತ್ತಡದ ಸ್ಟಾಕಿಂಗ್ ಕೆಲಸ ಮಾಡುತ್ತದೆ. ಆದರೆ ಬೆರಳು ಸೆಟೆದ ಹಿರಿಯರಿಗೆ ಅದನ್ನು ಏರಿಸಿಕೊಳ್ಳುವುದೇ ಒಂದು ಸಾಹಸ, ಮುಂಬೈಯ ತೇವದ ಸೆಕೆಯಲ್ಲಿ ಜೂನ್ ಮುಗಿಯುವುದರೊಳಗೆ ಅದು ಕಪಾಟು ಸೇರುತ್ತದೆ. ಕಾಲಿನ ರಕ್ತನಾಳ ಕಟ್ಟಿಕೊಂಡಿರುವವರಿಗೆ, ಪಾದದ ನಾಡಿ ಸಿಗದ ಸಕ್ಕರೆ ಕಾಯಿಲೆಯವರಿಗೆ ಅದು ಹಾನಿಕರವೂ ಹೌದು.

ಈ ಊರಿನ ಹವೆಗೆ ಹೊಟ್ಟೆಯ ಬೆಲ್ಟೇ ವಾಸಿ. ಹೆರಿಗೆ ಅಥವಾ ಹೊಟ್ಟೆಯ ಆಪರೇಷನ್ ನಂತರ ಕಟ್ಟುವ, 20–25 ಸೆಂ.ಮೀ. ಅಗಲದ ಎಲಾಸ್ಟಿಕ್ ಬೆಲ್ಟ್ ಕೇಳಿ. ಬೆನ್ನುನೋವಿನ ಗಟ್ಟಿ ಪಟ್ಟಿಯ ಬೆಲ್ಟ್ ಬೇಡ. ಅದು ಬೆನ್ನನ್ನು ಹಿಡಿಯುತ್ತದೆ, ಹೊಟ್ಟೆಯನ್ನು ಒತ್ತುವುದಿಲ್ಲ. ಕಟ್ಟುವ ರೀತಿ ಮುಖ್ಯ. ಹತ್ತಿಯ ಬನಿಯನ್ ಮೇಲೆ, ಮಲಗಿದ್ದಾಗಲೇ, ಪಕ್ಕೆಲುಬಿನ ಕೆಳಗಿನಿಂದ ಸೊಂಟದ ಮೂಳೆಯವರೆಗೆ ಬರುವಂತೆ ಬಿಗಿಯಿರಿ. ಒಳಗೆ ಎರಡು ಬೆರಳು ಬಿಗಿಯಾಗಿ ಹೋಗಬೇಕು, ಉಸಿರಾಟಕ್ಕೆ ತಡೆಯಾಗಬಾರದು. ಎದ್ದು ನಿಂತ ಮೇಲೆ ಕಟ್ಟಿದರೆ ಆಗಲೇ ಇಳಿದ ರಕ್ತದ ಮೇಲೆ ಕಟ್ಟಿದಂತಾಗುತ್ತದೆ, ಫಲ ಅರ್ಧವೂ ಸಿಗದು. ಮಧ್ಯಾಹ್ನ ಮಲಗುವಾಗಲೂ ಬಿಚ್ಚಬೇಕು. ಹರ್ನಿಯಾ ಇದ್ದರೆ ವೈದ್ಯರನ್ನು ಕೇಳಿ. ಎದೆಯುರಿ ಇದ್ದರೆ ಊಟದ ಹೊತ್ತಿಗೆ ಸಡಿಲಿಸಿ.

ಮಂಚದ ತಲೆ ಎತ್ತುವುದು

ಮಲಗಿದಾಗ ಬಿಪಿ ಹೆಚ್ಚು, ನಿಂತಾಗ ಕಡಿಮೆ ಎನ್ನುವವರಿಗೆ ಇದೇ ಮೊದಲ ಆಯ್ಕೆ. ತಲೆಯ ಕಡೆಯ ಎರಡು ಕಾಲುಗಳ ಕೆಳಗೆ 15–20 ಸೆಂ.ಮೀ. ಎತ್ತರದ ಮರದ ತುಂಡು ಇಟ್ಟು ಇಡೀ ಮಂಚ ಇಳಿಜಾರಾಗಬೇಕು. ಆಗ ರಾತ್ರಿ ಕಿಡ್ನಿ ಕಳೆಯುವ ಉಪ್ಪು-ನೀರು ಕಡಿಮೆಯಾಗಿ ಬೆಳಗಿನ ಕುಸಿತವೂ ತಗ್ಗುತ್ತದೆ. ದಿಂಬು ಪೇರಿಸಿದರೆ ಕತ್ತು ಬಾಗುತ್ತದೆ ಅಷ್ಟೇ. ನೆಲದ ಮೇಲೆ ಮಲಗುವ ಒಂದು ಕೋಣೆಯ ಮನೆಯಲ್ಲಿ ಸೊಂಟದಿಂದ ತಲೆಯವರೆಗೆ ಹಾಸಿಗೆಯ ಕೆಳಗೆ ಇಳಿಜಾರಿನ ಫೋಮ್ ಇಡಬಹುದು, ಮಂಚದಷ್ಟು ಫಲವಿಲ್ಲದಿದ್ದರೂ ಬರಿ ನೆಲಕ್ಕಿಂತ ಮೇಲು. ಏಳುವಾಗ ಮೊದಲು ಗೋಡೆಗೆ ಒರಗಿ ಕೂತು, ಆಮೇಲೆ ಮಂಡಿಯೂರಿ, ಕುರ್ಚಿ ಹಿಡಿದು ಏಳಲಿ. ಮಲಗುವ ಮುನ್ನ ಎರಡು ಬಿಸ್ಕೆಟ್ಟೋ ಬಾಳೆಹಣ್ಣೋ ತಿಂದರೆ ಮಲಗಿದಾಗಿನ ಏರಿದ ಬಿಪಿ ಸ್ವಲ್ಪ ಇಳಿಯುತ್ತದೆ. ಸಕ್ಕರೆ ಕಾಯಿಲೆಯವರು ಪ್ರಮಾಣ ನೋಡಿಕೊಳ್ಳಬೇಕು.

ಊಟದ ನಂತರವೇ ತಲೆ ತಿರುಗಿದರೆ

ಊಟವಾದ ಎರಡು ಗಂಟೆಯೊಳಗೆ ಮೇಲಿನ ಅಂಕಿ 20 ಇಳಿಯುವುದು ಇನ್ನೊಂದು ಬಗೆ. ಅನ್ನದಂಥ ಬೇಗ ಕರಗುವ ಪಿಷ್ಟ ಹೆಚ್ಚಿದ್ದಷ್ಟೂ ಹೊಟ್ಟೆಯ ಕಡೆ ರಕ್ತ ಹರಿಯುತ್ತದೆ. ಇದಕ್ಕೆ ಮೂರು ದೊಡ್ಡ ಊಟದ ಬದಲು ಐದಾರು ಚಿಕ್ಕ ಊಟ, ಅನ್ನ ಅರ್ಧ ಮಾಡಿ ಬೇಳೆ-ತರಕಾರಿ ಹೆಚ್ಚಿಸುವುದು, ಊಟಕ್ಕೆ ಮುಂಚೆ ನೀರು ಅಥವಾ ಒಂದು ಲೋಟ ಗಟ್ಟಿ ಫಿಲ್ಟರ್ ಕಾಫಿ. ಕಾಫಿ ಬೆಳಗ್ಗೆ, ಮಧ್ಯಾಹ್ನಕ್ಕಷ್ಟೇ ಇರಲಿ. ಏಕಾದಶಿ, ನವರಾತ್ರಿ ಉಪವಾಸದವರು ನಿರ್ಜಲ ಮಾಡಬಾರದು, ದಿನವಿಡೀ ಖಾಲಿ ಹೊಟ್ಟೆಯಲ್ಲಿದ್ದು ಸಂಜೆ ಒಂದೇ ಸಲ ತಟ್ಟೆ ತುಂಬ ಸಾಬೂದಾನಿ ಖಿಚಡಿ ತಿನ್ನಬಾರದು.

ಮಾತ್ರೆಗಳಲ್ಲಿ ಯಾವುದು?

ಇದು ವೈದ್ಯರ ಆಯ್ಕೆ. ಆದರೆ ಯಾವುದಕ್ಕೆ ಏನು ಎಂದು ತಿಳಿದಿದ್ದರೆ ಪ್ರಶ್ನೆ ಕೇಳಬಹುದು. ಮಿಡೊಡ್ರಿನ್ ರಕ್ತನಾಳವನ್ನು ಬಿಗಿ ಮಾಡುತ್ತದೆ, ಒಂದು ಗಂಟೆಯೊಳಗೆ ಶುರುವಾಗಿ ಕೆಲವೇ ಗಂಟೆ ಇರುತ್ತದೆ. ಸಾಮಾನ್ಯವಾಗಿ 2.5 ಮಿ.ಗ್ರಾಂ.ನಿಂದ ಶುರು ಮಾಡಿ, ಎಚ್ಚರವಿರುವ ಹೊತ್ತಿನಲ್ಲಿ ಮಾತ್ರ, ದಿನಕ್ಕೆ ಮೂರು ಸಲ ಕೊಡುತ್ತಾರೆ. ಕೊನೆಯ ಮಾತ್ರೆ ಮಲಗುವುದಕ್ಕೆ ಕನಿಷ್ಠ 4 ಗಂಟೆ ಮುಂಚೆ ಆಗಬೇಕು. ನೆತ್ತಿ ತುರಿಸಿ ಮೈ ಜುಮ್ಮೆಂದು ರೋಮಾಂಚನವಾಗುವುದು ಸಾಮಾನ್ಯ. ಪ್ರಾಸ್ಟೇಟ್ ತೊಂದರೆ ಇರುವವರಿಗೆ ಮೂತ್ರ ಕಟ್ಟಬಹುದು. ಫ್ಲುಡ್ರೊಕಾರ್ಟಿಸೋನ್ ಕಿಡ್ನಿಯಲ್ಲಿ ಉಪ್ಪನ್ನು ತಡೆಹಿಡಿಯುತ್ತದೆ, 0.1 ಮಿ.ಗ್ರಾಂ.ನಷ್ಟು ಅಲ್ಪ ಪ್ರಮಾಣ, ಫಲ ಕಾಣಲು ದಿನಗಳು ಬೇಕು. ಕಾಲು ಊದುವುದು, ಪೊಟ್ಯಾಸಿಯಂ ಇಳಿಯುವುದು, ಮಲಗಿದಾಗ ಬಿಪಿ ಏರುವುದು ಇದರ ಕಾಟ. ಶುರು ಮಾಡಿದ ಒಂದೆರಡು ವಾರದಲ್ಲಿ ಪೊಟ್ಯಾಸಿಯಂ ನೋಡಲೇಬೇಕು, ಹೃದಯ ವೈಫಲ್ಯ ಇದ್ದವರಿಗೆ ಇದು ಹೊಂದುವುದಿಲ್ಲ. ಪೈರಿಡೊಸ್ಟಿಗ್ಮಿನ್ ಬಲ ಕಡಿಮೆ, ಹೊಟ್ಟೆ ನುಲಿಯುತ್ತದೆ. ಆದರೆ ಮಲಗಿದಾಗಿನ ಬಿಪಿಯನ್ನು ಅಷ್ಟಾಗಿ ಏರಿಸುವುದಿಲ್ಲ. ಹಾಗಾಗಿ ಮಲಗಿದಾಗ ಹೈ ಬಿಪಿ ಇರುವವರು ಅದರ ಬಗ್ಗೆ ಕೇಳಬಹುದು. ಯಾವ ಮಾತ್ರೆಯಾದರೂ ಗುರಿ ಬಿಪಿಯನ್ನು 120/80ಕ್ಕೆ ತರುವುದಲ್ಲ, ಬೀಳದೆ ನಿಂತು ಓಡಾಡುವಂತಾಗುವುದು.

ಆಸ್ಪತ್ರೆಗೆ ಓಡಬೇಕಾದಾಗ

ಮಲ ಡಾಂಬರಿನಂತೆ ಕಪ್ಪಾಗಿದ್ದರೆ, ಎದೆನೋವು ಅಥವಾ ಉಸಿರು ಕಟ್ಟುವುದು ಇದ್ದರೆ, ಕೂತಾಗಲೋ ಮಲಗಿದಾಗಲೋ ಮುನ್ಸೂಚನೆಯಿಲ್ಲದೆ ಎಚ್ಚರ ತಪ್ಪಿದರೆ, ಮೆಟ್ಟಿಲು ಹತ್ತುವಾಗ ಎಚ್ಚರ ತಪ್ಪಿ ಬಿದ್ದರೆ, ಮಾತು ತೊದಲಿದರೆ, ಒಂದು ಪಕ್ಕ ಶಕ್ತಿ ಹೋದರೆ, ಬಸುರಿ ಬಿದ್ದರೆ, ರಕ್ತ ತೆಳು ಮಾಡುವ ಮಾತ್ರೆ ತಿನ್ನುವವರ ತಲೆಗೆ ಪೆಟ್ಟಾದರೆ ಮನೆಮದ್ದಿನ ಮಾತೇ ಬೇಡ, 108ಕ್ಕೆ ಕರೆ ಮಾಡಿ. ಕೆಇಎಂ, ಸಾಯನ್, ನಾಯರ್, ಕೂಪರ್‌ನಂಥ ಪಾಲಿಕೆಯ ದೊಡ್ಡ ಆಸ್ಪತ್ರೆಗಳ ತುರ್ತು ವಿಭಾಗ ಹಗಲೂ ರಾತ್ರಿ ತೆರೆದಿರುತ್ತದೆ.

ಗಾಡಿಯಲ್ಲೋ ಪ್ಲಾಟ್‌ಫಾರ್ಮಿನಲ್ಲೋ ಯಾರಾದರೂ ಬಿದ್ದರೆ ಜನ ಕಂಕುಳಿಗೆ ಕೈಹಾಕಿ ಎತ್ತಿ ನಿಲ್ಲಿಸುತ್ತಾರೆ, ಬಾಯಿಗೆ ನೀರು ಹೊಯ್ಯುತ್ತಾರೆ. ಎರಡೂ ತಪ್ಪು. ನಿಲ್ಲಿಸಿದರೆ ಮಿದುಳಿಗೆ ರಕ್ತ ಇನ್ನೂ ಕಡಿಮೆಯಾಗುತ್ತದೆ, ಎಚ್ಚರವಿಲ್ಲದವರ ಬಾಯಿಗೆ ಹೊಯ್ದ ನೀರು ಶ್ವಾಸಕೋಶಕ್ಕೆ ಹೋಗುತ್ತದೆ. ಅಂಗಾತ ಮಲಗಿಸಿ, ಕಾಲುಗಳನ್ನು ಚೀಲದ ಮೇಲೋ ನಿಮ್ಮ ಮಂಡಿಯ ಮೇಲೋ ಒಂದು ಅಡಿ ಎತ್ತರಕ್ಕೆ ಇಡಿ, ಕಾಲರ್ ಸಡಿಲಿಸಿ. ವಾಂತಿ ಬಂದರೆ ಪಕ್ಕಕ್ಕೆ ಹೊರಳಿಸಿ. ಬಿಪಿ ಕುಸಿದು ಬಿದ್ದವರಾದರೆ ಒಂದು ನಿಮಿಷದ ಒಳಗೆ ಕಣ್ಣು ಬಿಡುತ್ತಾರೆ. ಬಿಟ್ಟ ಮೇಲೂ ಹತ್ತು ನಿಮಿಷ ಮಲಗಿಸಿಯೇ ಇಡಿ. ಕಣ್ಣು ಬಿಡದೆ, ಉಸಿರೂ ಸರಿಯಾಗಿ ಆಡದಿದ್ದರೆ ತಡಮಾಡದೆ ಎದೆ ಒತ್ತಲು ಶುರು ಮಾಡಿ, ಇನ್ನೊಬ್ಬರಿಂದ 108ಕ್ಕೆ ಫೋನ್ ಮಾಡಿಸಿ.